ಕಮ್ಮಾರನ ಮಗಳು ಲೇಡಿ ಹ್ಯಾಮಿಲ್ಟನ್

ಇಂಗ್ಲೆಂಡಿನ ವಾಯವ್ಯದಲ್ಲಿ, ಡೀ ನದಿ ಸಮುದ್ರ ಸೇರುವ ಅಳಿವೆಯ ದಡದಲ್ಲಿ ನೆಸ್ ಎಂಬ ಪುಟ್ಟ ಊರಿದೆ. ಚೆಸ್ಟರ್ ನಗರದಿಂದ ಇಲ್ಲಿಗೆ ಹೆಚ್ಚು ದೂರವಿಲ್ಲ. ಊರಿನ ಎತ್ತರದ ಜಾಗದಲ್ಲಿ ನಿಂತರೆ ಅಳಿವೆಯಾಚೆ ವೇಲ್ಸ್ ನಾಡಿನ ಗುಡ್ಡಗಳು ಸಾಲಾಗಿ ಕಾಣುತ್ತವೆ. ಇಲ್ಲಿಗೆ ಬರುವ ಪ್ರವಾಸಿಗಳಲ್ಲಿ ಬಹುಮಂದಿ ಬರುವುದು ಲಿವರ್‌ಪೂಲ್ ವಿಶ್ವವಿದ್ಯಾಲಯದ ಸಸ್ಯೋದ್ಯಾನ ನೋಡಲು. ಆದರೆ ಊರಿನೊಳಗೆ ಸ್ವಾನ್ ಕಾಟೇಜ್ ಎಂಬ ಸಾಧಾರಣ ಮನೆಯ ಮುಂದೆಯೂ ಕೆಲವರು ನಿಂತು ನೋಡಿ ಹೋಗುತ್ತಾರೆ. 1765ರ ಏಪ್ರಿಲ್ 26ರಂದು ಇಲ್ಲಿ ಹೆನ್ರಿ ಲಯನ್ ಎಂಬ ಕಮ್ಮಾರನಿಗೆ ಒಬ್ಬಳು ಮಗಳು ಹುಟ್ಟಿದಳು. ಪಕ್ಕದ ನೆಸ್ಟನ್ ಊರಿನ ಚರ್ಚಿನಲ್ಲಿ ಮೇ 12ರಂದು ಅವಳಿಗೆ ಏಮಿ ಎಂದು ಹೆಸರಿಟ್ಟರು. ಇನ್ನೆರಡು ತಿಂಗಳು ತುಂಬುವ ಮೊದಲೇ ತಂದೆ ತೀರಿಕೊಂಡ.

ಈ ಹುಡುಗಿ ಮುಂದೆ ಎಮ್ಮಾ, ಲೇಡಿ ಹ್ಯಾಮಿಲ್ಟನ್ ಎಂದು ಯುರೋಪಿನಲ್ಲೆಲ್ಲ ಹೆಸರಾದಳು. ಅವಳ ಚೆಲುವನ್ನು ಚಿತ್ರಕಾರರು ಪೈಪೋಟಿಯಿಂದ ಬರೆದರು. ರಾಣಿಯೊಬ್ಬಳು ಅವಳನ್ನು ಗೆಳತಿ ಎಂದಳು. ಇಂಗ್ಲೆಂಡಿನ ಅತಿ ದೊಡ್ಡ ನೌಕಾ ವೀರ ಅವಳಿಗೆ ಮನಸೋತ. ಕೊನೆಗೆ ಅವಳು ಸಾಲಗಾರಳಾಗಿ ಪರದೇಶದ ಬಂದರೊಂದರಲ್ಲಿ ಕಣ್ಣು ಮುಚ್ಚಿದಳು. ನೆಸ್‌ನಿಂದ ಆ ಬಂದರಿನವರೆಗೆ ಅವಳು ಬಾಳಿದ ಊರುಗಳ ಹಾದಿಯಲ್ಲಿ ಹೋದರೆ, ಓದು, ಹಣ, ಮನೆತನ ಯಾವುದೂ ಇಲ್ಲದ ಹೆಣ್ಣುಮಗಳೊಬ್ಬಳನ್ನು ಆ ಕಾಲ ಹೇಗೆ ನಡೆಸಿಕೊಂಡಿತು ಎಂಬುದು ಒಂದೊಂದೂರಿನಲ್ಲೂ ಕಣ್ಣಿಗೆ ಬೀಳುತ್ತದೆ.

ಜಾರ್ಜ್ ಎಂಬ ಹೆಸರಿನ ನಾಲ್ವರು ಅರಸರು ಒಬ್ಬರಾದ ಮೇಲೊಬ್ಬರು 1714ರಿಂದ 1830ರವರೆಗೆ ಬ್ರಿಟನ್ನನ್ನು ಆಳಿದ್ದರಿಂದ ಆ ಕಾಲಕ್ಕೆ ಜಾರ್ಜಿಯನ್ ಯುಗ ಎಂದು ಹೆಸರು. ಭವ್ಯ ಮನೆಗಳು, ನಾಟಕ, ಸಂಗೀತ, ಸಾಗರದಾಚೆಯ ವ್ಯಾಪಾರ ಎಲ್ಲವೂ ಬೆಳೆದ ಕಾಲ ಅದು. ಹೆಣ್ಣುಮಕ್ಕಳ ಪಾಲಿಗೆ ಮಾತ್ರ ಬಾಗಿಲುಗಳು ಹೆಚ್ಚಾಗಿ ಮುಚ್ಚಿಯೇ ಇದ್ದವು. ವಿಶ್ವವಿದ್ಯಾಲಯಗಳಲ್ಲಿ ಅವರಿಗೆ ಪ್ರವೇಶವಿರಲಿಲ್ಲ. ಮದುವೆಯಾದವಳ ಕೈಯಲ್ಲಿದ್ದ ಹಣ ಕಾನೂನಿನ ಪ್ರಕಾರ ಗಂಡನದಾಗುತ್ತಿತ್ತು. ಬಡವರ ಮನೆಯ ಹುಡುಗಿಗೆ ಮನೆಗೆಲಸ ಬಿಟ್ಟರೆ ಹೆಚ್ಚಿನ ದಾರಿಯಿರಲಿಲ್ಲ. ಶ್ರೀಮಂತರು ಮದುವೆಯಾಗದೆ ಹೆಣ್ಣನ್ನು ಇಟ್ಟುಕೊಳ್ಳುವುದನ್ನು ಸಮಾಜ ಕಂಡೂ ಕಾಣದಂತಿತ್ತು. ತಪ್ಪಿನ ಹೊರೆಯೆಲ್ಲ ಬೀಳುತ್ತಿದ್ದುದು ಹೆಣ್ಣಿನ ಹೆಗಲ ಮೇಲೆ.

ಹಾವರ್ಡನ್‌ನಿಂದ ಲಂಡನ್ನಿಗೆ

ಗಂಡನನ್ನು ಕಳೆದುಕೊಂಡ ತಾಯಿ ಮೇರಿ ಮಗುವನ್ನೆತ್ತಿಕೊಂಡು ಅಳಿವೆಯಾಚೆಯ ಹಾವರ್ಡನ್ ಎಂಬ ವೇಲ್ಸ್ ಹಳ್ಳಿಗೆ, ತವರಿಗೆ ಹೋದಳು. ಏಮಿ ಬೆಳೆದದ್ದು ಅಜ್ಜಿ ಸಾರಾ ಕಿಡ್ ಆಸರೆಯಲ್ಲಿ. ಕ್ರಮವಾದ ಶಾಲೆಯ ಓದು ಅವಳಿಗೆ ಸಿಗಲಿಲ್ಲ. ಹನ್ನೆರಡರ ಸುಮಾರಿಗೆ ವೈದ್ಯರೊಬ್ಬರ ಮನೆಯಲ್ಲಿ ಕೆಲಸಕ್ಕೆ ಸೇರಿದಳು. ಆಮೇಲೆ ಲಂಡನ್ನಿಗೆ ಬಂದು ಅಲ್ಲಿಯೂ ಮನೆಗೆಲಸ ಮಾಡಿದಳು. ನಾಟಕಗಳಿಗೆ ಹೆಸರಾದ ಡ್ರೂರಿ ಲೇನ್‌ನಲ್ಲಿ ನಟಿಯರ ಸೇವೆಗೂ ನಿಂತಳು. ಉಡುಗೆ ತೊಡುಗೆ, ಹಾವಭಾವ, ಹಾಡು ಇವುಗಳ ಮೊದಲ ಪಾಠ ಅವಳಿಗೆ ಅಲ್ಲೇ ಆಗಿರಬೇಕು.

ಹದಿನೈದು ಹದಿನಾರರ ವಯಸ್ಸಿನಲ್ಲಿ ಅವಳು ಸರ್ ಹ್ಯಾರಿ ಫೆದರ್‌ಸ್ಟನ್‌ಹಾ ಎಂಬ ಶ್ರೀಮಂತ ಯುವಕನ ಕಣ್ಣಿಗೆ ಬಿದ್ದಳು. ದಕ್ಷಿಣ ಇಂಗ್ಲೆಂಡಿನ ಸಸೆಕ್ಸ್ ಪ್ರಾಂತ್ಯದ ಹುಲ್ಲುಗುಡ್ಡಗಳ ನೆತ್ತಿಯಲ್ಲಿ ಅಪ್‌ಪಾರ್ಕ್ ಎಂಬ ಅವನ ಬಂಗಲೆಯಿದೆ. ಅಲ್ಲಿನ ಊಟದ ಮೇಜಿನ ಮೇಲೆ ಅವಳು ಅತಿಥಿಗಳ ಮುಂದೆ ಕುಣಿದಳೆಂಬ ಕಥೆ ಇಂದಿಗೂ ಉಳಿದಿದೆ. ಕೆಲವೇ ತಿಂಗಳಲ್ಲಿ ಅವಳು ಗರ್ಭಿಣಿಯಾದಳು. ಸರ್ ಹ್ಯಾರಿ ಅವಳನ್ನು ಮನೆಯಿಂದ ಕಳಿಸಿಬಿಟ್ಟ. ಅಪ್‌ಪಾರ್ಕ್ 1989ರಲ್ಲಿ ಬೆಂಕಿಗೆ ತುತ್ತಾಗಿ, ಹಳೆಯ ರೂಪದಲ್ಲೇ ಮತ್ತೆ ಕಟ್ಟಲ್ಪಟ್ಟು 1995ರಲ್ಲಿ ತೆರೆಯಿತು. ಅಲ್ಲಿಗೆ ಹೋದವರು ಇನ್ನೊಂದು ಸಂಗತಿಯನ್ನೂ ಕೇಳುತ್ತಾರೆ. ಇದೇ ಸರ್ ಹ್ಯಾರಿ ಎಪ್ಪತ್ತು ದಾಟಿದ ಮೇಲೆ, 1825ರಲ್ಲಿ, ತನ್ನದೇ ಹೈನುಮನೆಯ ಕೆಲಸದ ಹುಡುಗಿಯನ್ನು ಮದುವೆಯಾಗಿ, ಅವಳಿಗೆ ಓದು ಕಲಿಸಿ, ಮನೆಯೊಡತಿ ಮಾಡಿದ. ಆ ಹೊತ್ತಿಗೆ ಎಮ್ಮಾ ತೀರಿಕೊಂಡು ಹತ್ತು ವರ್ಷಗಳಾಗಿದ್ದವು.

ಪ್ಯಾಡಿಂಗ್ಟನ್ನಿನ ಹೊಸ ಹೆಸರು

ದಿಕ್ಕಿಲ್ಲದ ಹುಡುಗಿ ಮೊರೆಯಿಟ್ಟು ಪತ್ರ ಬರೆದದ್ದು ಚಾರ್ಲ್ಸ್ ಗ್ರೆವಿಲ್ ಎಂಬವನಿಗೆ. ವಾರ್ವಿಕ್ ಅರ್ಲ್ ಮನೆತನದ ಎರಡನೆಯ ಮಗನಾದ ಅವನಿಗೆ ದೊಡ್ಡ ಹೆಸರಿತ್ತು, ದೊಡ್ಡ ಆಸ್ತಿಯಿರಲಿಲ್ಲ. ಅವಳ ಆಗಿನ ಪತ್ರಗಳು ಕಾಗುಣಿತದ ತಪ್ಪುಗಳಿಂದ ತುಂಬಿವೆ. ಮಾತಾಡಿದ ಹಾಗೆಯೇ ಬರೆಯುತ್ತಿದ್ದ ಹುಡುಗಿ ಅವಳು. ಗ್ರೆವಿಲ್ ಒಪ್ಪಿಕೊಂಡ, ಆದರೆ ಷರತ್ತುಗಳೊಂದಿಗೆ. ಹಳೆಯ ಸಂಗಡಿಗರನ್ನೆಲ್ಲ ಬಿಡಬೇಕು, ಮಗು ಹುಟ್ಟಿದರೆ ಬೇರೆಡೆ ಬೆಳೆಯಬೇಕು, ಹೆಸರೂ ಬದಲಾಗಬೇಕು. ಹೀಗೆ ಏಮಿ ಲಯನ್ ಹೋಗಿ ಎಮ್ಮಾ ಹಾರ್ಟ್ ಬಂದಳು. ಹುಟ್ಟಿದ ಹೆಣ್ಣುಮಗು ಹಾವರ್ಡನ್ನಿನ ಅಜ್ಜಿಯ ಮಡಿಲು ಸೇರಿತು.

ಪ್ಯಾಡಿಂಗ್ಟನ್ ಇಂದು ಲಂಡನ್ನಿನ ಗಿಜಿಗುಟ್ಟುವ ರೈಲು ನಿಲ್ದಾಣದ ಹೆಸರು. ಆಗ ಅದು ನಗರದಂಚಿನ ಹಸಿರು ಹಳ್ಳಿ. ಅಲ್ಲಿ ಗ್ರೆವಿಲ್ ಮಾಡಿದ ಸಣ್ಣ ಮನೆಯಲ್ಲಿ ಎಮ್ಮಾ ಲೆಕ್ಕ ಬರೆದು, ಕಾಸಿಗೆ ಕಾಸು ಸೇರಿಸಿ ಸಂಸಾರ ತೂಗಿಸಿದಳು. ತಾಯಿ ಮೇರಿ ಕೂಡ ಮಗಳ ಜೊತೆ ಬಂದು ನೆಲೆಸಿದಳು. ಅಲ್ಲಿಂದ ಸಾಯುವವರೆಗೂ ಆ ತಾಯಿ ಮಗಳ ನೆರಳಾಗಿಯೇ ಇದ್ದಳು. ಮಗಳು ರಾಯಭಾರಿಯ ಹೆಂಡತಿಯಾದಾಗಲೂ ಮನೆಯ ಉಸ್ತುವಾರಿ ಬಿಡಲಿಲ್ಲ.

1782ರಲ್ಲಿ ಗ್ರೆವಿಲ್ ಅವಳನ್ನು ಚಿತ್ರಕಾರ ಜಾರ್ಜ್ ರೋಮ್ನಿಯ ಬಳಿಗೆ ಕರೆದೊಯ್ದ. ಮುಂದಿನ ನಾಲ್ಕು ವರ್ಷ ಅವಳು ರೋಮ್ನಿಯ ಚಿತ್ರಶಾಲೆಯಲ್ಲಿ ಕುಳಿತಳು, ನಿಂತಳು, ನಕ್ಕಳು, ದೇವತೆಯಾದಳು, ನೂಲುವ ಹೆಂಗಸಾದಳು. ಅವಳನ್ನು ಕುರಿತು ರೋಮ್ನಿ ಬರೆದ ಚಿತ್ರಗಳು ಅರವತ್ತಕ್ಕೂ ಹೆಚ್ಚು. ಲಂಡನ್ನಿನ ರಾಷ್ಟ್ರೀಯ ಭಾವಚಿತ್ರ ಸಂಗ್ರಹಾಲಯದಲ್ಲಿ, ನ್ಯೂಯಾರ್ಕಿನ ಫ್ರಿಕ್ ಸಂಗ್ರಹಾಲಯದಲ್ಲಿ ಅವುಗಳನ್ನು ಇಂದೂ ನೋಡಬಹುದು. ಸುಮ್ಮನೆ ಚೆಲುವೆಯಾಗಿದ್ದರೆ ಇಷ್ಟು ಚಿತ್ರಗಳು ಬರುತ್ತಿರಲಿಲ್ಲ. ಮನಸ್ಸಿನ ಭಾವವನ್ನು ಮುಖದಲ್ಲಿ ತಂದು, ಅದನ್ನು ಕದಲದಂತೆ ಹಿಡಿದಿಡುವ ವಿದ್ಯೆ ಅವಳಿಗೆ ಒಲಿದಿತ್ತು.

ಆದರೆ ಗ್ರೆವಿಲ್‌ಗೆ ಸಾಲ ಬೆಳೆದಿತ್ತು. ಹಣವಂತರ ಮಗಳನ್ನು ಮದುವೆಯಾಗುವುದು ಅವನಿಗೆ ಕಂಡ ದಾರಿ. ಅದಕ್ಕೆ ಎಮ್ಮಾ ಅಡ್ಡಿ. ನೇಪಲ್ಸ್ ರಾಜ್ಯದಲ್ಲಿ ಬ್ರಿಟನ್ನಿನ ರಾಯಭಾರಿಯಾಗಿದ್ದ ಅವನ ಸೋದರಮಾವ ಸರ್ ವಿಲಿಯಂ ಹ್ಯಾಮಿಲ್ಟನ್ 1782ರಲ್ಲಿ ಹೆಂಡತಿಯನ್ನು ಕಳೆದುಕೊಂಡಿದ್ದ. ಮಾವ ಇನ್ನೊಂದು ಮದುವೆಯಾಗಿ ಮಕ್ಕಳಾದರೆ ಆಸ್ತಿ ಕೈತಪ್ಪುತ್ತದೆಂಬ ಲೆಕ್ಕವೂ ಸೋದರಳಿಯನಿಗಿತ್ತು. ಮಾವ ಅಳಿಯ ಪತ್ರದಲ್ಲೇ ಮಾತು ಮುಗಿಸಿದರು. ಇಟಲಿ ನೋಡಿ ಬಾ, ಸಂಗೀತ ಕಲಿ, ಕೆಲವು ತಿಂಗಳಲ್ಲಿ ನಾನೇ ಬರುತ್ತೇನೆ ಎಂದು ನಂಬಿಸಿ ಗ್ರೆವಿಲ್ ಅವಳನ್ನು ತಾಯಿಯೊಂದಿಗೆ ಕಳಿಸಿದ.

ಜ್ವಾಲಾಮುಖಿಯ ಎದುರಿನ ಮನೆ

ಎಮ್ಮಾ ನೇಪಲ್ಸ್ ಮುಟ್ಟಿದ್ದು 1786ರ ಏಪ್ರಿಲ್ 26ರಂದು. ಅಂದು ಅವಳಿಗೆ ಇಪ್ಪತ್ತೊಂದು ತುಂಬಿತು. ನೀಲಿ ಕೊಲ್ಲಿ, ಅದರಾಚೆ ಹೊಗೆಯಾಡುವ ವೆಸೂವಿಯಸ್ ಬೆಟ್ಟ, ದಡದ ಏರಿನಲ್ಲಿ ಪಲಾಟ್ಸೊ ಸೆಸ್ಸಾ ಎಂಬ ರಾಯಭಾರಿಯ ಮಹಲು. ಗ್ರೆವಿಲ್ ಬರಲಿಲ್ಲ. ಅವಳು ಪತ್ರದ ಮೇಲೆ ಪತ್ರ ಬರೆದಳು. ಕೊನೆಗೆ ಬಂದ ಉತ್ತರದಲ್ಲಿ ಮಾವನ ಆಸರೆಯನ್ನೇ ಒಪ್ಪಿಕೋ ಎಂಬ ಬುದ್ಧಿವಾದವಿತ್ತು. ತನ್ನನ್ನು ಒಂದು ಸಾಮಾನಿನಂತೆ ಒಂದು ಕೈಯಿಂದ ಇನ್ನೊಂದು ಕೈಗೆ ದಾಟಿಸಿದ್ದಾರೆಂದು ಅವಳಿಗೆ ತಿಳಿದದ್ದು ಆಗ. ಅವಳ ಸಿಟ್ಟು, ಅಳು ತುಂಬಿದ ಆ ಪತ್ರಗಳು ಉಳಿದುಬಂದಿವೆ.

ಹಿಂದಿರುಗಿ ಹೋಗಲು ಮನೆಯಿರಲಿಲ್ಲ. ಎಮ್ಮಾ ಕಲಿಯಲು ಕುಳಿತಳು. ಇಟಾಲಿಯನ್, ಫ್ರೆಂಚ್, ಸಂಗೀತ, ಚಿತ್ರಕಲೆ ಒಂದೊಂದಕ್ಕೂ ಮೇಷ್ಟರುಗಳು ಬಂದರು. ಕಾಗುಣಿತ ಕೊನೆಯವರೆಗೂ ಪೂರ್ತಿ ಸರಿಹೋಗಲಿಲ್ಲ, ಆದರೆ ಕೆಲವೇ ವರ್ಷಗಳಲ್ಲಿ ಅವಳು ಆಸ್ಥಾನದಲ್ಲಿ ಎರಡು ಪರಭಾಷೆಗಳಲ್ಲಿ ಮಾತಾಡುವಂತಾದಳು. ಹ್ಯಾಮಿಲ್ಟನ್ ಸಾಮಾನ್ಯನಲ್ಲ. ವೆಸೂವಿಯಸ್ ಬೆಟ್ಟವನ್ನು ಹತ್ತಾರು ಸಲ ಹತ್ತಿ ಜ್ವಾಲಾಮುಖಿಗಳ ಬಗ್ಗೆ ಬರೆದ ವಿದ್ವಾಂಸ. ಪ್ರಾಚೀನ ಹೂಜಿ, ಕಳಶಗಳ ಅವನ ಮೊದಲ ಸಂಗ್ರಹವನ್ನು ಬ್ರಿಟಿಷ್ ಮ್ಯೂಸಿಯಂ 1772ರಲ್ಲೇ ಕೊಂಡಿತ್ತು.

ಆ ಕಳಶಗಳ ಮೇಲಿನ ಚಿತ್ರಗಳಿಂದಲೇ ಎಮ್ಮಾ ತನ್ನ ಕಲೆಯನ್ನು ಕಂಡುಕೊಂಡಳು. ಸಡಿಲವಾದ ಬಿಳಿಯ ಉಡುಪು, ಕೈಯಲ್ಲಿ ಒಂದೆರಡು ಶಾಲು. ಅಷ್ಟರಲ್ಲೇ ಅವಳು ಗ್ರೀಕ್ ಕಥೆಗಳ ದೇವತೆ, ಮಕ್ಕಳನ್ನು ಕಳೆದುಕೊಂಡ ತಾಯಿ, ಸೇಡಿಗೆ ನಿಂತ ಹೆಣ್ಣು ಹೀಗೆ ಒಂದಾದ ಮೇಲೊಂದು ಭಂಗಿ ತಾಳುತ್ತಿದ್ದಳು. ಶಾಲು ಜಾರಿಸಿದರೆ ಒಬ್ಬಳು, ತಲೆಗೆ ಹೊದ್ದರೆ ಇನ್ನೊಬ್ಬಳು. ಮಾತಿಲ್ಲದ ಈ ಅಭಿನಯಕ್ಕೆ 'ಆಟಿಟ್ಯೂಡ್ಸ್' ಎಂದು ಹೆಸರು. ಜರ್ಮನ್ ಮಹಾಕವಿ ಗಯಟೆ 1787ರಲ್ಲಿ ಇದನ್ನು ಕಂಡು ಬೆರಗಾಗಿ ತನ್ನ ಇಟಲಿ ಪ್ರವಾಸ ಕಥನದಲ್ಲಿ ದಾಖಲಿಸಿದ. 1794ರಲ್ಲಿ ಫ್ರೀಡ್ರಿಕ್ ರೆಬೆರ್ಗ್ ಎಂಬ ಚಿತ್ರಕಾರ ಆ ಭಂಗಿಗಳ ರೇಖಾಚಿತ್ರಗಳನ್ನು ಪುಸ್ತಕವಾಗಿ ತಂದ. ನೇಪಲ್ಸಿಗೆ ಹೋದವರು ವೆಸೂವಿಯಸ್ ನೋಡುವಂತೆಯೇ ಎಮ್ಮಾಳ ಅಭಿನಯವನ್ನೂ ನೋಡಿ ಬರುವ ವಾಡಿಕೆಯಾಯಿತು.

1791ರ ಸೆಪ್ಟೆಂಬರ್ 6ರಂದು ಲಂಡನ್ನಿನ ಮೆರಿಲಿಬೋನ್ ಚರ್ಚಿನಲ್ಲಿ ಹ್ಯಾಮಿಲ್ಟನ್ ಅವಳನ್ನು ಮದುವೆಯಾದ. ಅವನಿಗೆ ಅರವತ್ತು, ಅವಳಿಗೆ ಇಪ್ಪತ್ತಾರು. ಮದುವೆಯ ದಾಖಲೆ ಪುಸ್ತಕದಲ್ಲಿ ಅವಳು ಹಾಕಿದ ರುಜು ಏಮಿ ಲಯನ್ ಎಂದೇ. ಅಂದು ಕಮ್ಮಾರನ ಮಗಳು ಲೇಡಿ ಹ್ಯಾಮಿಲ್ಟನ್ ಆದಳು. ಇಂಗ್ಲೆಂಡಿನ ರಾಣಿ ಷಾರ್ಲಟ್ ಮಾತ್ರ ಅವಳನ್ನು ಆಸ್ಥಾನಕ್ಕೆ ಸೇರಿಸಲಿಲ್ಲ. ನೇಪಲ್ಸಿನ ರಾಣಿ ಮರಿಯಾ ಕರೋಲಿನಾ ಹಾಗಲ್ಲ. ಫ್ರಾನ್ಸಿನಲ್ಲಿ ಕ್ರಾಂತಿಕಾರಿಗಳು 1793ರಲ್ಲಿ ತಲೆ ಕಡಿದ ಮೇರಿ ಆಂಟೊನೆಟ್‌ಳ ಸ್ವಂತ ಅಕ್ಕ ಆಕೆ. ಫ್ರಾನ್ಸಿನ ವಿರುದ್ಧ ಬ್ರಿಟನ್ನಿನ ನೆರವು ಆಕೆಗೆ ಬೇಕಿತ್ತು. ರಾಣಿಗೂ ಬ್ರಿಟಿಷ್ ರಾಯಭಾರ ಕಚೇರಿಗೂ ನಡುವೆ ಗುಟ್ಟಿನ ಮಾತು, ಕಾಗದಗಳನ್ನು ಸಾಗಿಸುವ ಸೇತುವೆಯಾದವಳು ಎಮ್ಮಾ.

ಪಲಾಟ್ಸೊ ಸೆಸ್ಸಾ ಇಂದಿಗೂ ಇದೆ. ಪಿಯಾತ್ಸಾ ದೈ ಮಾರ್ತೀರಿ ಚೌಕದ ಹತ್ತಿರದ ಇಕ್ಕಟ್ಟಾದ ಬೀದಿಯಲ್ಲಿ ಹೋಗಿ ಕಮಾನು ದಾಟಿದರೆ ಅದರ ಅಂಗಳ ಸಿಗುತ್ತದೆ. ಮಹಲಿನ ಒಂದು ಭಾಗದಲ್ಲಿ ಈಗ ನೇಪಲ್ಸಿನ ಯೆಹೂದಿಗಳ ಪ್ರಾರ್ಥನಾ ಮಂದಿರವಿದೆ.

ನೈಲ್ ಕದನ, ಶ್ರೀರಂಗಪಟ್ಟಣ

1798ರ ಬೇಸಿಗೆಯಲ್ಲಿ ನೆಪೋಲಿಯನ್ ದೊಡ್ಡ ಪಡೆಯೊಂದಿಗೆ ಈಜಿಪ್ಟಿಗೆ ಇಳಿದ. ಈಜಿಪ್ಟಿನಿಂದ ಭಾರತದ ಕಡೆ ಕೈಚಾಚಿ, ಇಂಗ್ಲಿಷರ ವೈರಿಯಾಗಿದ್ದ ಮೈಸೂರಿನ ಟಿಪ್ಪು ಸುಲ್ತಾನನೊಂದಿಗೆ ಕೈಜೋಡಿಸುವ ಆಸೆ ಫ್ರೆಂಚರಿಗಿತ್ತು. ಅವರ ಹಡಗುಗಳನ್ನು ಹುಡುಕುತ್ತ ಮೆಡಿಟರೇನಿಯನ್ ಸಮುದ್ರದಲ್ಲಿ ಅಲೆಯುತ್ತಿದ್ದವನು ಬ್ರಿಟಿಷ್ ದಳಪತಿ ಹೊರೇಷಿಯೊ ನೆಲ್ಸನ್. ಅವನ ಹಡಗುಗಳಿಗೆ ನೀರು, ಆಹಾರ ಬೇಕಿತ್ತು. ನೇಪಲ್ಸ್ ಹೊರನೋಟಕ್ಕೆ ಯಾರ ಪಕ್ಷವೂ ಅಲ್ಲ. ಆದರೂ ಸಿಸಿಲಿಯ ಸಿರಕ್ಯೂಸ್ ಬಂದರಿನಲ್ಲಿ ಅವನಿಗೆ ಬೇಕಾದದ್ದು ಸಿಕ್ಕಿತು. ರಾಣಿಯ ಮೂಲಕ ಎಮ್ಮಾ ಇದನ್ನು ಮಾಡಿಸಿಕೊಟ್ಟಳೆಂದು ನೆಲ್ಸನ್ ಕೊನೆಯವರೆಗೂ ನಂಬಿದ್ದ. ಅವಳ ಪಾತ್ರ ಎಷ್ಟಿತ್ತೆಂಬುದರ ಬಗ್ಗೆ ಇತಿಹಾಸಕಾರರಲ್ಲಿ ಚರ್ಚೆಯಿದೆ.

1798ರ ಆಗಸ್ಟ್ 1ರ ರಾತ್ರಿ ನೈಲ್ ನದಿಯ ಮುಖದಲ್ಲಿ ನೆಲ್ಸನ್ ಫ್ರೆಂಚ್ ನೌಕಾಪಡೆಯನ್ನು ನುಚ್ಚುನೂರು ಮಾಡಿದ. ಕೂಡಲೇ ಒಬ್ಬ ಅಧಿಕಾರಿಯನ್ನು ಭೂಮಾರ್ಗವಾಗಿ ಮುಂಬಯಿಗೆ ಅಟ್ಟಿ, ಇನ್ನು ಫ್ರೆಂಚರ ಭಯವಿಲ್ಲ ಎಂದು ಕಂಪನಿ ಸರ್ಕಾರಕ್ಕೆ ತಿಳಿಸಿದ. ಈಸ್ಟ್ ಇಂಡಿಯಾ ಕಂಪನಿ ಸಂತೋಷದಿಂದ ಅವನಿಗೆ 10 ಸಾವಿರ ಪೌಂಡ್ ಬಹುಮಾನ ಕೊಟ್ಟಿತು. ಈಜಿಪ್ಟಿನಲ್ಲಿ ಸಿಕ್ಕಿಬಿದ್ದ ನೆಪೋಲಿಯನ್ 1799ರ ಜನವರಿಯಲ್ಲಿ ಟಿಪ್ಪುವಿಗೆ ಬರೆದ ಪತ್ರ ದಾರಿಯಲ್ಲೇ ಬ್ರಿಟಿಷರ ಕೈಸೇರಿತು. ಅದೇ ವರ್ಷ ಮೇ 4ರಂದು ಶ್ರೀರಂಗಪಟ್ಟಣದ ಕೋಟೆ ಬಿದ್ದು ಟಿಪ್ಪು ಮಡಿದ. ಕಾವೇರಿ ತೀರದ ಆ ದಿನಕ್ಕೂ ನೈಲ್ ತೀರದ ಆ ರಾತ್ರಿಗೂ ಹೀಗೊಂದು ನಂಟು.

ಗೆದ್ದ ನೆಲ್ಸನ್ ಸೆಪ್ಟೆಂಬರ್ 22ರಂದು ನೇಪಲ್ಸಿಗೆ ಬಂದಾಗ ಅವನ ಬಲಗೈ ಇರಲಿಲ್ಲ, ಬಲಗಣ್ಣು ಕಾಣುತ್ತಿರಲಿಲ್ಲ, ಹಣೆಯ ಗಾಯ ಇನ್ನೂ ಹಸಿಯಾಗಿತ್ತು. ಪಲಾಟ್ಸೊ ಸೆಸ್ಸಾದಲ್ಲಿ ಎಮ್ಮಾ ಅವನ ಆರೈಕೆ ಮಾಡಿದಳು. ಇಟಾಲಿಯನ್, ಫ್ರೆಂಚ್ ಬಾರದ ಅವನಿಗೆ ದುಭಾಷಿಯಾದಳು. ಇಂಗ್ಲೆಂಡಿನಲ್ಲಿ ಅವನಿಗೆ ಹೆಂಡತಿಯಿದ್ದಳು, ಇಲ್ಲಿ ಅವಳಿಗೆ ಗಂಡನಿದ್ದ. ಆದರೂ ಸ್ನೇಹ ಪ್ರೇಮವಾಯಿತು. ಮುದುಕ ಹ್ಯಾಮಿಲ್ಟನ್ ಇದನ್ನು ಕಂಡೂ ಇಬ್ಬರನ್ನೂ ಬಿಟ್ಟುಕೊಡಲಿಲ್ಲ.

ಆ ಡಿಸೆಂಬರಿನಲ್ಲಿ ಫ್ರೆಂಚರು ನೇಪಲ್ಸ್ ಕಡೆ ಬರುತ್ತಿದ್ದಂತೆ ರಾಜಪರಿವಾರ ನೆಲ್ಸನ್‌ನ ಹಡಗಿನಲ್ಲಿ ಸಿಸಿಲಿಗೆ ಓಡಿಹೋಯಿತು. ಭೀಕರ ಬಿರುಗಾಳಿಯಲ್ಲಿ ಉಳಿದವರೆಲ್ಲ ಕಂಗೆಟ್ಟಾಗ ಎಮ್ಮಾ ಮತ್ತು ಅವಳ ತಾಯಿ ಎಲ್ಲರ ಸೇವೆಗೆ ನಿಂತರು. ಕ್ರಿಸ್‌ಮಸ್ ದಿನ ಆರು ವರ್ಷದ ರಾಜಕುಮಾರನೊಬ್ಬ ಎಮ್ಮಾಳ ತೋಳಿನಲ್ಲೇ ಪ್ರಾಣ ಬಿಟ್ಟ.

ಅವಳ ಬಾಳಿನ ಕಪ್ಪು ಅಧ್ಯಾಯವೂ ಇಲ್ಲಿಯದೇ. 1799ರ ಜೂನ್‌ನಲ್ಲಿ ನೇಪಲ್ಸಿನ ಗಣರಾಜ್ಯವಾದಿಗಳು ಒಪ್ಪಂದದ ಮೇಲೆ ಶರಣಾಗಿದ್ದರು. ಹ್ಯಾಮಿಲ್ಟನ್ ದಂಪತಿಗಳೊಂದಿಗೆ ಬಂದ ನೆಲ್ಸನ್ ಆ ಒಪ್ಪಂದವನ್ನು ಮಾನ್ಯ ಮಾಡಲಿಲ್ಲ. ಮರಳಿ ಬಂದ ಅರಸೊತ್ತಿಗೆ ನೂರರಷ್ಟು ಮಂದಿಯನ್ನು ಕೊಂದಿತು. ಕವಯಿತ್ರಿ, ಪತ್ರಿಕಾ ಸಂಪಾದಕಿ ಎಲಿಯೊನೊರಾ ಫೊನ್ಸೆಕಾ ಪಿಮೆಂಟಲ್ ಆಗಸ್ಟ್ 20ರಂದು ಗಲ್ಲಿಗೇರಿದಳು. ವೈದ್ಯ, ಸಸ್ಯವಿಜ್ಞಾನಿ ದೊಮೆನಿಕೊ ಚಿರಿಲ್ಲೊ ಪ್ರಾಣಭಿಕ್ಷೆ ಬೇಡಿ ಎಮ್ಮಾಳಿಗೇ ಪತ್ರ ಬರೆದಿದ್ದ. ಅವನೂ ಉಳಿಯಲಿಲ್ಲ. ಎಮ್ಮಾ ಆಗ ರಾಣಿಯ ಪರವಾಗಿಯೇ ನಿಂತಿದ್ದಳು. ನೇಪಲ್ಸಿನ ಜನ ಇದನ್ನು ಮರೆತಿಲ್ಲ.

ಮರ್ಟನ್ನಿನ 'ನೈಲ್'

ಮೂವರೂ 1800ರ ನವೆಂಬರ್‌ನಲ್ಲಿ ಇಂಗ್ಲೆಂಡಿಗೆ ಮರಳಿದರು. ಜನ ನೆಲ್ಸನ್‌ನ ಗಾಡಿಯನ್ನು ಹೊತ್ತು ಮೆರೆಸಿದರು. ವ್ಯಂಗ್ಯಚಿತ್ರಕಾರರು ಎಮ್ಮಾಳನ್ನು ಹರಿದು ತಿಂದರು. 1801ರ ಜನವರಿ ಕೊನೆಯಲ್ಲಿ ಲಂಡನ್ನಿನ ಪಿಕಾಡಿಲ್ಲಿಯ ಮನೆಯಲ್ಲಿ ಅವಳು ಗುಟ್ಟಾಗಿ ಹೆಣ್ಣುಮಗುವನ್ನು ಹೆತ್ತಳು. ಹೆಸರು ಹೊರೇಷಿಯಾ. ಲೋಕದ ಬಾಯಿಗೆ ಹೆದರಿ ಮಗುವನ್ನು ಥಾಂಪ್ಸನ್ ಎಂಬ ನಾವಿಕನ ಮಗಳೆಂದು ಹೇಳಬೇಕಾಯಿತು. ನೆಲ್ಸನ್ ಬರೆದ ಪತ್ರಗಳಲ್ಲೂ ಈ ಇಲ್ಲದ ನಾವಿಕನ ನೆಪವಿದೆ.

ಅದೇ ವರ್ಷ ನೆಲ್ಸನ್ ಲಂಡನ್ನಿನ ನೈಋತ್ಯಕ್ಕಿರುವ ಮರ್ಟನ್ನಿನಲ್ಲಿ 9 ಸಾವಿರ ಪೌಂಡಿಗೆ ಒಂದು ಮನೆ ಕೊಂಡ. ಎಮ್ಮಾ ಅದನ್ನು ಅರಮನೆಯಂತೆ ಮಾಡಿದಳು. ತೋಟದಲ್ಲಿ ಹರಿಯುತ್ತಿದ್ದ ಕಾಲುವೆಗೆ 'ನೈಲ್' ಎಂದು ಹೆಸರಿಟ್ಟರು. ನೆಂಟರು, ನಾವಿಕರು, ಹಾಡುಗಾರರು ಬಂದುಹೋಗುವ ಮನೆ ಅದು. ಹಾಸಿಗೆ ಇದ್ದಷ್ಟು ಕಾಲು ಚಾಚುವ ಅಭ್ಯಾಸ, ಪ್ಯಾಡಿಂಗ್ಟನ್ನಿನಲ್ಲಿ ಅಷ್ಟು ಚೆನ್ನಾಗಿದ್ದದ್ದು, ಇಲ್ಲಿ ಅವಳಿಗೆ ತಪ್ಪಿಹೋಯಿತು. ಸಾಲ ಅಂದೇ ಮೊಳಕೆಯೊಡೆಯಿತು.

ಹ್ಯಾಮಿಲ್ಟನ್ 1803ರ ಏಪ್ರಿಲ್ 6ರಂದು ತೀರಿಕೊಂಡ. ಎಮ್ಮಾಳಿಗೆ ವರ್ಷಕ್ಕೆ 800 ಪೌಂಡ್ ಬರುವಂತೆ ಮಾಡಿದ್ದ. ಆಸ್ತಿ ಹೋದದ್ದು ಅದಕ್ಕಾಗಿ ಕಾದಿದ್ದ ಗ್ರೆವಿಲ್‌ಗೆ. ಮುಂದಿನ ತಿಂಗಳೇ ನೆಲ್ಸನ್ ಯುದ್ಧಕ್ಕೆ ಹೊರಟ. ಎರಡು ವರ್ಷದ ಮೇಲೆ, 1805ರ ಆಗಸ್ಟ್‌ನಲ್ಲಿ ಬಂದವನು ಮರ್ಟನ್ನಿನಲ್ಲಿ ಕಳೆದದ್ದು 25 ದಿನ. ಸೆಪ್ಟೆಂಬರ್ 13ರ ರಾತ್ರಿ ಮಗುವಿನ ಮಂಚದ ಪಕ್ಕ ಪ್ರಾರ್ಥಿಸಿ ಹೊರಟುಹೋದ.

ಆ ಮನೆ ಈಗಿಲ್ಲ. 1820ರ ದಶಕದಲ್ಲಿ ಅದನ್ನು ಕೆಡವಿದರು. ಪಾತಾಳ ರೈಲಿನಲ್ಲಿ ದಕ್ಷಿಣ ವಿಂಬಲ್ಡನ್ ನಿಲ್ದಾಣದಲ್ಲಿಳಿದು ನಡೆದರೆ ಸಾಲು ಸಾಲು ಮನೆಗಳ ಬಡಾವಣೆ. ಬೀದಿಯ ಫಲಕಗಳಲ್ಲಿ ಮಾತ್ರ ನೆಲ್ಸನ್, ಹಾರ್ಡಿ, ಹ್ಯಾಮಿಲ್ಟನ್, ವಿಕ್ಟರಿ, ಟ್ರಫಾಲ್ಗರ್ ಎಂಬ ಹೆಸರುಗಳು. ಹತ್ತಿರದ ಸೇಂಟ್ ಮೇರಿ ಚರ್ಚಿನಲ್ಲಿ ನೆಲ್ಸನ್ ಕೂರುತ್ತಿದ್ದ ಬೆಂಚನ್ನು ಉಳಿಸಿಕೊಂಡಿದ್ದಾರೆ.

ದೇಶಕ್ಕೆ ಬರೆದ ಉಯಿಲು

1805ರ ಅಕ್ಟೋಬರ್ 21ರ ಬೆಳಿಗ್ಗೆ, ಸ್ಪೇನಿನ ಟ್ರಫಾಲ್ಗರ್ ಭೂಶಿರದ ಬಳಿ ಶತ್ರುಗಳ ಹಡಗುಗಳು ಕಣ್ಣಿಗೆ ಕಾಣುತ್ತಿರುವಾಗ, ನೆಲ್ಸನ್ ತನ್ನ ಉಯಿಲಿಗೆ ಒಂದು ಸೇರ್ಪಡೆ ಬರೆದ. ಎಮ್ಮಾ ದೇಶಕ್ಕೆ ಮಾಡಿದ ಎರಡು ಸೇವೆಗಳನ್ನು ಅದರಲ್ಲಿ ಹೇಳಿದ. ಒಂದು, ಸ್ಪೇನಿನ ಅರಸ ನೇಪಲ್ಸಿನ ಅರಸನಿಗೆ ಬರೆದ ಗುಟ್ಟಿನ ಪತ್ರದ ವಿಷಯವನ್ನು ಬ್ರಿಟನ್ನಿಗೆ ಮುಟ್ಟಿಸಿದ್ದು. ಇನ್ನೊಂದು, ಸಿರಕ್ಯೂಸ್‌ನಲ್ಲಿ ಹಡಗುಗಳಿಗೆ ನೀರು, ಆಹಾರ ಸಿಗುವಂತೆ ಮಾಡಿದ್ದು. ತಾನು ಇದಕ್ಕೆ ಪ್ರತಿಫಲ ಕೊಡಲಾರದವನಾದ್ದರಿಂದ ಎಮ್ಮಾಳನ್ನು ಅರಸನಿಗೂ ದೇಶಕ್ಕೂ ಒಪ್ಪಿಸಿ ಹೋಗುತ್ತಿದ್ದೇನೆ, ಅವಳ ಅಂತಸ್ತಿಗೆ ತಕ್ಕಂತೆ ಬಾಳಲು ಏರ್ಪಾಡು ಮಾಡಬೇಕು ಎಂದು ಕೇಳಿಕೊಂಡ. ಹೊರೇಷಿಯಾಳನ್ನೂ ದೇಶದ ಕೈಗೆ ಒಪ್ಪಿಸಿದ. ಹಾರ್ಡಿ, ಬ್ಲ್ಯಾಕ್‌ವುಡ್ ಎಂಬ ಇಬ್ಬರು ನೌಕಾಧಿಕಾರಿಗಳು ಸಾಕ್ಷಿ ಹಾಕಿದರು. ಆ ಸಂಜೆಯ ಹೊತ್ತಿಗೆ ಬ್ರಿಟನ್ ಗೆದ್ದಿತ್ತು, ನೆಲ್ಸನ್ ಗುಂಡೇಟಿನಿಂದ ಸತ್ತಿದ್ದ.

ದೇಶ ಅವನಿಗೆ 1806ರ ಜನವರಿ 9ರಂದು ಸೇಂಟ್ ಪಾಲ್ಸ್ ಕೆಥೆಡ್ರಲ್‌ನಲ್ಲಿ ರಾಜವೈಭವದ ಅಂತ್ಯಕ್ರಿಯೆ ಮಾಡಿತು. ಎಮ್ಮಾಳಿಗೆ ಕರೆ ಬರಲಿಲ್ಲ. ಯುದ್ಧ ಕಾಣದ ಪಾದ್ರಿ ಅಣ್ಣ ವಿಲಿಯಂ ನೆಲ್ಸನ್‌ಗೆ ಅರ್ಲ್ ಪದವಿ, ಎಸ್ಟೇಟ್ ಕೊಳ್ಳಲು ಸುಮಾರು 90 ಸಾವಿರ ಪೌಂಡ್, ವರ್ಷಕ್ಕೆ 5 ಸಾವಿರ ಪೌಂಡಿನ ವಂಶಪಾರಂಪರ್ಯ ಪಿಂಚಣಿ ಸಿಕ್ಕಿತು. ಆ ಪಿಂಚಣಿಗೆ ಕೊನೆ ಹಾಡುವ ಕಾನೂನು ಬಂದದ್ದು 1947ರಲ್ಲಿ. ವಿಧವೆ ಫ್ರಾನ್ಸಿಸ್‌ಗೆ ವರ್ಷಕ್ಕೆ 2 ಸಾವಿರ ಪೌಂಡ್ ಸಿಕ್ಕಿತು, ಅದು ನ್ಯಾಯವೇ. ನೆಲ್ಸನ್ ಕೊನೆಯ ಬೆಳಿಗ್ಗೆ ಕೇಳಿದ್ದ ಒಂದು ಕೋರಿಕೆಗೆ ಮಾತ್ರ ಒಂದು ಪೌಂಡೂ ಬಿಡುಗಡೆಯಾಗಲಿಲ್ಲ. ಹೊಳೆ ದಾಟಿದ ಮೇಲೆ ಅಂಬಿಗನ ಹಂಗೇನು ಎಂಬ ಮಾತು ಒಂದು ದೇಶಕ್ಕೂ ಸಲ್ಲುತ್ತದೆ.

ಎಮ್ಮಾ ಬರಿಗೈಯವಳಾಗಿರಲಿಲ್ಲ ಎಂಬುದನ್ನೂ ಹೇಳಬೇಕು. ಮರ್ಟನ್ ಮನೆ ಅವಳಿಗೆ ಬಂದಿತ್ತು. ಗಂಡ ಬಿಟ್ಟ 800, ನೆಲ್ಸನ್ ತನ್ನ ಸಿಸಿಲಿಯ ಜಮೀನಿನಿಂದ ಗೊತ್ತುಮಾಡಿದ 500 ಸೇರಿ ವರ್ಷಕ್ಕೆ 1,300 ಪೌಂಡ್ ಕಾಗದದ ಮೇಲಿತ್ತು. ಆದರೆ ಸಿಸಿಲಿಯ ಹಣ ಹೊತ್ತಿಗೆ ಸರಿಯಾಗಿ ಬರುತ್ತಿರಲಿಲ್ಲ. ಅವಳ ಖರ್ಚೂ ನಿಲ್ಲಲಿಲ್ಲ. ನೆಂಟರಿಷ್ಟರಿಗೆ ಕೊಟ್ಟಳು, ಔತಣಗಳಿಗೆ ಸುರಿದಳು, ಜೂಜಾಡಿದಳು, ಕುಡಿದಳು. 1809ರಲ್ಲಿ ಮರ್ಟನ್ ಮಾರಾಟವಾಯಿತು. 1810ರ ಜನವರಿಯಲ್ಲಿ ತಾಯಿ ತೀರಿಕೊಂಡಳು. ಅಲ್ಲಿಗೆ ಅವಳಿಗಿದ್ದ ಒಂದೇ ಗಟ್ಟಿ ಆಸರೆಯೂ ಹೋಯಿತು. 1813ರಲ್ಲಿ ಸಾಲಗಾರರು ಅವಳನ್ನು ಬಂಧಿಸಿದರು. ಕಿಂಗ್ಸ್ ಬೆಂಚ್ ಸೆರೆಮನೆಯ ಎಲ್ಲೆಯೊಳಗಿನ ಬಾಡಿಗೆ ಕೋಣೆಯಲ್ಲಿ ಹೊರೇಷಿಯಾಳೊಂದಿಗೆ ಇರಬೇಕಾಯಿತು. ಅಲ್ಲಿರುವಾಗಲೇ, 1814ರಲ್ಲಿ, ನೆಲ್ಸನ್ ಅವಳಿಗೆ ಬರೆದಿದ್ದ ಖಾಸಗಿ ಪತ್ರಗಳು ಅವಳ ಒಪ್ಪಿಗೆಯಿಲ್ಲದೆ ಅಚ್ಚಾದವು. ಮುಚ್ಚಿಟ್ಟಿದ್ದೆಲ್ಲ ಬೀದಿಗೆ ಬಂತು. ಸರ್ಕಾರದ ನೆರವಿನ ಕೊನೆಯ ಆಸೆಯೂ ಕಮರಿತು.

ಕಲೇ

ಡೋವರ್‌ನಿಂದ ಹಡಗಿನಲ್ಲಿ ಹೊರಟರೆ ಫ್ರಾನ್ಸಿನ ಕಲೇ ಬಂದರಿಗೆ ಒಂದೂವರೆ ಗಂಟೆ. 1814ರ ಜುಲೈನಲ್ಲಿ ಎಮ್ಮಾ ಸಾಲಗಾರರ ಕಣ್ಣು ತಪ್ಪಿಸಿ ಹದಿಮೂರರ ಹೊರೇಷಿಯಾಳನ್ನು ಕರೆದುಕೊಂಡು ಈ ಕಡಲು ದಾಟಿದಳು. ಮೊದಲು ಒಳ್ಳೆಯ ಹೋಟೆಲು, ಆಮೇಲೆ ಊರಾಚೆಯ ಹಳ್ಳಿಮನೆ, ಕೊನೆಗೆ ರೂ ಫ್ರಾನ್ಸೇಸ್ ಎಂಬ ಬೀದಿಯಲ್ಲಿ ಬಾಡಿಗೆ ಕೋಣೆ. ಕೈಯ ಹಣ ಇಳಿದಂತೆ ಮನೆಯೂ ಇಳಿಯುತ್ತ ಹೋಯಿತು. ಕುಡಿತ ಅವಳ ಆರೋಗ್ಯವನ್ನು ಮುಗಿಸಿತ್ತು. ಹೊರೇಷಿಯಾ ಒಬ್ಬಳೇ ಅವಳ ಆರೈಕೆ ಮಾಡಿದಳು. ಹುಡುಗಿಗೆ ತನ್ನ ತಂದೆ ಯಾರೆಂಬುದು ಗೊತ್ತಿತ್ತು. ತಾಯಿ ಯಾರೆಂದು ಎಮ್ಮಾ ಕೊನೆಯವರೆಗೂ ಬಾಯಿಬಿಟ್ಟು ಹೇಳಲಿಲ್ಲ. 1815ರ ಜನವರಿ 15ರಂದು, ನಲವತ್ತೊಂಬತ್ತರ ವಯಸ್ಸಿನಲ್ಲಿ, ಅವಳು ತೀರಿಕೊಂಡಳು.

ಅವಳನ್ನು ಹೂಳಿದ ಸ್ಮಶಾನ ಬಹಳ ಕಾಲ ಉಳಿಯಲಿಲ್ಲ. ಗೋರಿ ಎಲ್ಲಿತ್ತೆಂಬ ಗುರುತೂ ಅಳಿಯಿತು. ಎರಡನೆಯ ಮಹಾಯುದ್ಧದಲ್ಲಿ ಕಲೇ ಊರೇ ನೆಲಸಮವಾಯಿತು. ಈಗ ಅಲ್ಲಿ ಪಾರ್ಕ್ ರಿಶೆಲ್ಯೂ ಎಂಬ ಉದ್ಯಾನವಿದೆ. ಅದರಲ್ಲಿ 1994ರಲ್ಲಿ ನೆಲ್ಸನ್ ಕಾಲದ ಇತಿಹಾಸದ ಆಸಕ್ತರು ಕೂಡಿ ಎಮ್ಮಾಳ ನೆನಪಿಗೆ ಒಂದು ಕಲ್ಲು ನಿಲ್ಲಿಸಿದರು.

ಹೊರೇಷಿಯಾಳನ್ನು ನೆಲ್ಸನ್‌ನ ಅಕ್ಕತಂಗಿಯರ ಮನೆಯವರು ಸಾಕಿದರು. ಅವಳು 1822ರಲ್ಲಿ ಫಿಲಿಪ್ ವಾರ್ಡ್ ಎಂಬ ಪಾದ್ರಿಯನ್ನು ಮದುವೆಯಾಗಿ, ಹತ್ತು ಮಕ್ಕಳ ತಾಯಿಯಾಗಿ, 1881ರವರೆಗೆ ಗೌರವದಿಂದ ಬಾಳಿದಳು. ನೆಲ್ಸನ್ ತನ್ನ ತಂದೆ ಎಂದು ಹೆಮ್ಮೆಪಟ್ಟಳು. ಎಮ್ಮಾ ತನ್ನ ತಾಯಿ ಎಂಬುದನ್ನು ಒಪ್ಪಲೇ ಇಲ್ಲ. ಲಂಡನ್ನಿನ ವಾಯವ್ಯದ ಪಿನ್ನರ್‌ನಲ್ಲಿರುವ ಅವಳ ಗೋರಿಯ ಮೇಲೆ ನೆಲ್ಸನ್‌ನ ಪ್ರೀತಿಯ ಮಗಳು ಎಂದು ಕೆತ್ತಿದೆ. ತಾಯಿಯ ಹೆಸರಿಲ್ಲ.

ಸಿನಿಮಾ ಜಗತ್ತು ಎಮ್ಮಾಳನ್ನು ಮರೆಯಲಿಲ್ಲ. 1941ರ 'ದಟ್ ಹ್ಯಾಮಿಲ್ಟನ್ ವುಮನ್' ಚಿತ್ರದಲ್ಲಿ ಅವಳ ಪಾತ್ರ ವಹಿಸಿದ ವಿವಿಯನ್ ಲೀ ಹುಟ್ಟಿದ್ದು ನಮ್ಮ ಡಾರ್ಜಿಲಿಂಗ್‌ನಲ್ಲಿ. ಲಂಡನ್ನಿನ ಗ್ರಿನಿಚ್‌ನಲ್ಲಿರುವ ರಾಷ್ಟ್ರೀಯ ನೌಕಾ ವಸ್ತುಸಂಗ್ರಹಾಲಯ 2016-17ರಲ್ಲಿ ಅವಳ ಬಗ್ಗೆಯೇ ದೊಡ್ಡ ಪ್ರದರ್ಶನ ಏರ್ಪಡಿಸಿತು. ಅಲ್ಲಿಗೆ ಹೋಗುವ ಶಾಲಾ ಮಕ್ಕಳು ತಪ್ಪದೆ ನೋಡುವ ವಸ್ತು ಟ್ರಫಾಲ್ಗರ್ ದಿನ ನೆಲ್ಸನ್ ತೊಟ್ಟಿದ್ದ ನೀಲಿ ಕೋಟು. ಎಡ ಭುಜದ ಬಳಿ ಗುಂಡು ಹೊಕ್ಕ ತೂತು ಹಾಗೆಯೇ ಇದೆ. ಸಾಯುವ ಮುನ್ನ ನೆಲ್ಸನ್ ಹೇಳಿದಂತೆ ಆ ಕೋಟು ಎಮ್ಮಾಳ ಕೈಸೇರಿತ್ತು. ಸಾಲ ತೀರಿಸಲಾಗದೆ ಅವಳು ಅದನ್ನು ತನಗೆ ನೆರವಾದ ಲಂಡನ್ನಿನ ನಗರಸಭಾ ಹಿರಿಯನೊಬ್ಬನಿಗೆ ಕೊಟ್ಟುಬಿಟ್ಟಳು. 1845ರಲ್ಲಿ ವಿಕ್ಟೋರಿಯಾ ರಾಣಿಯ ಗಂಡ ಆಲ್ಬರ್ಟ್ ರಾಜಕುಮಾರ ಅದನ್ನು ಹಣ ಕೊಟ್ಟು ಕೊಂಡು ದೇಶಕ್ಕೆ ಅರ್ಪಿಸಿದ. ಆ ಉಯಿಲಿನ ಮಾತು ನಡೆಯಲಿಲ್ಲ. ಕೋಟು ಮಾತ್ರ ದೇಶದ ಆಸ್ತಿಯಾಗಿ ಗಾಜಿನ ಪೆಟ್ಟಿಗೆಯಲ್ಲಿ ಭದ್ರವಾಗಿದೆ.